ಟಾರ್ಚ್ ಹಿಡಿದವನು

ಸಿಂಧನೂರಿನ ಟಾಕೀಸಿಗೆ ತಡವಾಗಿ ಹೋದ್ರೆ ಸೀಟು ತೋರಿಸೋಕೆ ಟಾರ್ಚ್ ಹಿಡಿದವನೊಬ್ಬ ಬರ್ತಿದ್ದ. ಅವನ ಮುಖ ನಾನು ಒಮ್ಮೆಯೂ ಸರಿಯಾಗಿ ನೋಡಿಲ್ಲ. 2013ರ 'ಲೂಸಿಯಾ'ದಲ್ಲಿ ಪವನ್ ಕುಮಾರ್ ಅಂಥವನನ್ನೇ ನಾಯಕ ಮಾಡಿದರು.

ನಿರ್ಮಾಪಕರು ಸಿಗದೆ ಜನರಿಂದಲೇ ದುಡ್ಡು ಕೂಡಿಸಿ ತೆಗೆದ ಸಿನಿಮಾ ಅದು. ಆ ದುಡ್ಡಿನ ಕಥೆಯನ್ನ ಎಲ್ಲರೂ ಹೇಳ್ತಾರೆ. ನನಗೆ ನಾಟಿದ್ದು ನಿಕ್ಕಿಯ ನಿದ್ದೆಗೇಡು. ಲಿಂಗಸುಗೂರಲ್ಲಿ ರಾತ್ರಿ ಬಸ್ಸು ಹತ್ತಿ ಬೆಂಗಳೂರು ಸೇರಿದವರಿಗೆ ಅದು ಗೊತ್ತು.

2016ರ 'ಯು ಟರ್ನ್' ಇನ್ನೂ ಬಿಗಿ. ಫ್ಲೈಓವರಿನ ಕಲ್ಲು ಸರಿಸಿ ತಿರುಗೋ ನಮ್ಮ ಅವಸರಕ್ಕೆ ಲೆಕ್ಕ ಕೇಳುತ್ತೆ. 2018ರಲ್ಲಿ ಅದನ್ನೇ ತಮಿಳು, ತೆಲುಗಿನಲ್ಲಿ ತೆಗೆದರು. 2023ರಲ್ಲಿ ಮಲಯಾಳಂನ 'ಧೂಮಂ' ಬಂತು. ಕಸುಬು ಬೆಳೀತು, ಟಾರ್ಚ್ ಹುಡುಗ ಮಾತ್ರ ಮತ್ತೆ ಕಾಣಲಿಲ್ಲ.

ದೂರೋದು ಹ್ಯಾಂಗ? ನಾನೂ ಮಸ್ಕಿಗೆ ಹಬ್ಬಕ್ಕಷ್ಟೇ ಹೋಗೋದು.