ಸೆಕೆಂಡ್ ಹ್ಯಾಂಡ್ ಎಸ್ಟೀಮು, ಬೋರ್‌ವೆಲ್ ನೀರು

ಕಾರಿನ ರಿವ್ಯೂಗಳನ್ನ ಯಾವಾಗ ಬರೀತಾರೆ ಅಂತ ಗಮನಿಸಿದ್ದೀರಾ? ಕಾರು ಶೋರೂಮಿಗೆ ಬರೋ ವಾರ. ಒಳ್ಳೆ ರಸ್ತೆಯಲ್ಲಿ ಎರಡು ದಿನ ಓಡಿಸಿ, ಸೊನ್ನೆಯಿಂದ ನೂರಕ್ಕೆ ಎಷ್ಟು ಸೆಕೆಂಡು, ಡ್ಯಾಶ್‌ಬೋರ್ಡಿನ ಪ್ಲಾಸ್ಟಿಕ್ ಮುಟ್ಟಿದರೆ ಹೇಗನಿಸುತ್ತೆ ಅಂತ ಬರೆದು ಮುಗಿಸಿಬಿಡ್ತಾರೆ. ಅದೇ ಕಾರು ಹದಿಮೂರು ವರ್ಷ ಕಳೆದು, ಎರಡು ಮೂರು ಕೈ ಬದಲಾಗಿ, ಶ್ರೀನಿವಾಸಪುರದ ಮಾವಿನ ತೋಪಿನ ಮಣ್ಣುರಸ್ತೆಗೆ ಬಂದು ನಿಂತಾಗ ಹೇಗಿರುತ್ತೆ ಅಂತ ಯಾರೂ ಬರೆಯಲ್ಲ. ನಮ್ಮ ಕಡೆ ಕಾರಿನ ಬಾಳು ಶುರುವಾಗೋದೇ ಅಲ್ಲಿಂದ. ಅದಕ್ಕೇ ಮಾರುತಿ ಎಸ್ಟೀಮ್ ಬಗ್ಗೆ ಈ ವಿಮರ್ಶೆ. ಗಾಡಿ ಬಂದಿದ್ದು 1994ರಲ್ಲಿ, ನಿಂತಿದ್ದು 2007ರಲ್ಲಿ. ಸ್ವಲ್ಪ ಲೇಟಾಗಿದೆ, ಅಡ್ಜಸ್ಟ್ ಮಾಡ್ಕೊಳ್ಳಿ.

ಎಸ್ಟೀಮೇ ಯಾಕೆ ಅಂದ್ರೆ ಅಪ್ಪ. ಊರಲ್ಲಿ ಅಪ್ಪ ಅಮ್ಮ ಇಬ್ಬರೇ ಇರೋದು. ಅಪ್ಪನಿಗೆ ಮಂಡಿ ನೋವು. ತಿಂಗಳಿಗೊಂದು ಸಲ ಕೋಲಾರದ ಆಸ್ಪತ್ರೆ. ಊರಿಂದ ಶ್ರೀನಿವಾಸಪುರಕ್ಕೆ ಆಟೋ, ಅಲ್ಲಿಂದ ಬಸ್ಸು, ಮತ್ತೆ ಆಟೋ. ನಾನು ಬೆಂಗಳೂರಲ್ಲಿ ಕೂತ್ಕೊಂಡು ಒಂದು ಸಣ್ಣ ಹ್ಯಾಚ್‌ಬ್ಯಾಕ್ ನೋಡಿ ಫೋಟೋ ಕಳಿಸಿದೆ. ಅಪ್ಪ ಫೋನ್ ಮಾಡಿ, 'ಅದೇನೋ ಹಿಂದೆ ಕುಯ್ದಂಗಿದೆ' ಅಂದ. ತೊಂಬತ್ತರ ದಶಕದಲ್ಲಿ ನಮ್ಮ ಮಾವು ಕೊಳ್ಳೋ ಮಂಡಿ ಸಾಹುಕಾರರ ಹತ್ತಿರ ಬಿಳೀ ಎಸ್ಟೀಮ್ ಇತ್ತು. ಅವರು ಡಿಕ್ಕಿ ತೆಗೆದು ಒಳಗಿನಿಂದ ದುಡ್ಡಿನ ಚೀಲ ಎತ್ತೋದನ್ನ ಅಪ್ಪ ಬಿಸಿಲಲ್ಲಿ ನಿಂತು ನೋಡಿದ್ದ. ಡಿಕ್ಕಿ ಇದ್ದರೆ ಕಾರು, ಇಲ್ಲದಿದ್ದರೆ ಅದು ಬರೀ ಗಾಡಿ. ಈ ವಾದಕ್ಕೆ ನನ್ನ ಹತ್ತಿರ ಉತ್ತರ ಇರಲಿಲ್ಲ, ಲಕ್ಷದ ಮೇಲೆ ಬಜೆಟ್ಟೂ ಇರಲಿಲ್ಲ.

ಕಾರಿನ ಜಾತಕ ಚುಟುಕಾಗಿ ಹೇಳ್ತೀನಿ. 1990ರಲ್ಲಿ ಮಾರುತಿ 1000 ಬಂತು. 970 ಸಿಸಿ ಎಂಜಿನ್ ಆ ಮೈಗೆ ಸಾಲುತ್ತಿರಲಿಲ್ಲ. ಹೆಚ್ಚೂಕಮ್ಮಿ ಅದೇ ಮೈಗೆ 1298 ಸಿಸಿ ಎಂಜಿನ್ ಕೂರಿಸಿದಾಗ ಎಸ್ಟೀಮ್ ಆಯ್ತು. ಆಮೇಲೆ ಕಾರ್ಬ್ಯುರೇಟರ್ ಹೋಗಿ ಎಂಪಿಎಫ್‌ಐ ಬಂತು, 85 ಕುದುರೆ ಶಕ್ತಿ. ತೂಕ ಕಮ್ಮಿ, ಹಾಗಾಗಿ ಮುಟ್ಟಿದರೆ ಓಡುತ್ತೆ. ಅದೇ ಕುಟುಂಬದ 1.3 ಎಂಜಿನ್ನು ಜಿಪ್ಸಿ ಕಿಂಗ್‌ಗೂ ಹೋಯ್ತು, ನಮ್ಮ ಸೈನ್ಯ ಓಡಿಸಿದ ಜಿಪ್ಸಿಗೆ. ಎಂಜಿನ್ ಪೂರ್ತಿ ಅಲ್ಯೂಮಿನಿಯಂ. ಈ ಕೊನೇ ಮಾತನ್ನ ನೆನಪಲ್ಲಿಟ್ಕೊಳ್ಳಿ, ನಾನು ಇಟ್ಕೊಳ್ಳಲಿಲ್ಲ.

2019ರ ಜನವರಿ, ಫೆಬ್ರವರಿಯ ವೀಕೆಂಡುಗಳಲ್ಲಿ ನಾಲ್ಕು ತಾಲ್ಲೂಕು ಸುತ್ತಿದೆ. ಹಳೇ ಕಾರು ತಾನಿದ್ದ ಊರನ್ನ ಮೈಮೇಲೆ ಬರ್ಕೊಂಡಿರುತ್ತೆ, ಸುತ್ತಿ ಕಲಿತಿದ್ದು ಇದು. ಮಾಲೂರಿನ ಕಾರಿನ ಕಾರ್ಪೆಟ್ ಎತ್ತಿದರೆ ಕೆಂಪು ಪುಡಿ. ಇಟ್ಟಿಗೆ, ಹೆಂಚಿನ ಊರು, ಸಹಜ. ಆದರೆ ಏರ್ ಫಿಲ್ಟರ್ ಡಬ್ಬಿಯಲ್ಲಿ, ಫಿಲ್ಟರಿನಿಂದ ಆಚೆ, ಎಂಜಿನ್ ಕಡೆಗೂ ಅದೇ ಪುಡಿ ಇದ್ದರೆ ಅದನ್ನ ಎಂಜಿನ್ ಉಸಿರಾಡಿದೆ ಅಂತ ಅರ್ಥ. ಪಿಸ್ಟನ್ ರಿಂಗು ಸವೆದಿರುತ್ತೆ, ಸೈಲೆನ್ಸರಿನಲ್ಲಿ ನೀಲಿ ಹೊಗೆ ಬರುತ್ತೆ. ಅದನ್ನ ಬಿಟ್ಟೆ.

ಮುಳಬಾಗಿಲಲ್ಲಿ ಸಿಕ್ಕಿದ್ದು ತಮಿಳುನಾಡು ನಂಬರಿನ ಗಾಡಿ, ಕಮ್ಮಿ ರೇಟು. ಚೆನ್ನೈ ಹೈವೇ ಮೇಲಿನ ಊರಲ್ವಾ, ಆ ಕಡೆ ಗಾಡಿಗಳು ಸುಲಭವಾಗಿ ಹರಿದು ಬರುತ್ತವೆ. ಜೊತೆಗಿದ್ದ ಚಿಕ್ಕಪ್ಪ ಬಾನೆಟ್ ಕಡೆ ನೋಡಲೇ ಇಲ್ಲ. ಸೀಟ್ ಬೆಲ್ಟನ್ನ ಕೊನೇವರೆಗೂ ಎಳೆದು ನೋಡಿದರು. ಅರ್ಧಕ್ಕೆ ಒಂದು ಕಂದು ಗೆರೆ. ಅಲ್ಲೀವರೆಗೂ ನೀರು ನಿಂತಿತ್ತು. 2015ರ ಡಿಸೆಂಬರ್‌ನ ಚೆನ್ನೈ ಪ್ರವಾಹದ್ದೋ ಬೇರೆ ಯಾವುದೋ, ಗಾಡಿ ಹೇಳಲ್ಲ. ಬಾಗಿಲ ಕೆಳಗೆ ಬೆರಳು ಒತ್ತಿದರೆ ತುಕ್ಕು ಹಪ್ಪಳದಂಗೆ ಮುರೀತು. ಅದರ ಮೇಲೆ ಬೇರೆ ರಾಜ್ಯದ ಎನ್‌ಒಸಿ, ಇಲ್ಲಿ ಮತ್ತೆ ಲೈಫ್ ಟ್ಯಾಕ್ಸು. ಮುಳಬಾಗಿಲು ದೋಸೆ ತಿಂದು ವಾಪಸ್ ಬಂದ್ವಿ. ಆ ಟ್ರಿಪ್ಪಿನ ಲಾಭ ಅಷ್ಟೇ.

ಶ್ರೀನಿವಾಸಪುರದ್ದು ತೋಪಿಗೆ ಓಡಾಡಿದ ಗಾಡಿ. ಸ್ಟೇರಿಂಗ್ ಪೂರ್ತಿ ತಿರುಗಿಸಿ ನಿಧಾನಕ್ಕೆ ಬಿಟ್ಟರೆ ಮುಂದಿನ ಚಕ್ರದಿಂದ ಕಟ ಕಟ. ಕಲ್ಲು ತಾಗಿ ಡ್ರೈವ್ ಶಾಫ್ಟಿನ ರಬ್ಬರ್ ಬೂಟ್ ಹರಿದರೆ ಗ್ರೀಸ್ ಹೊರಗೆ, ಮಣ್ಣು ಒಳಗೆ. ಬೂಟ್ ಹರಿದಾಗಲೇ ಹಾಕಿಸಿದ್ದರೆ ಸಾವಿರ ಚಿಲ್ಲರೆಯಲ್ಲಿ ಮುಗೀತಿತ್ತು.

ಕೊನೆಗೆ ಕೋಲಾರದಲ್ಲಿ ಸಿಕ್ತು. 2006ರ ಮಾಡಲ್, ಕೆಎ-07 ನಂಬರು, ರಿಟೈರ್ ಆದ ಒಬ್ಬರು ಮೇಷ್ಟ್ರ ಗಾಡಿ, 78 ಸಾವಿರ. ಮೀಟರ್ 91 ಸಾವಿರ ಕಿ.ಮೀ. ಅಂತಿತ್ತು, ಕ್ಲಚ್ ಪೆಡಲ್ಲಿನ ರಬ್ಬರು ನೋಡಿದರೂ ಅಷ್ಟೇ ಅನ್ನಿಸ್ತು. ಮೀಟರ್ ತಿರುಗಿಸೋರು ಪೆಡಲ್ ರಬ್ಬರ್ ಮರೆತಿರ್ತಾರೆ, ಇದೂ ಚಿಕ್ಕಪ್ಪನ ಪಾಠ. ಪೇಂಟ್ ಒರಿಜಿನಲ್. ಬೆಳಗ್ಗೆ ಏಳು ಗಂಟೆಗೆ ಅಂತರಗಂಗೆ ಕಡೆ ಒಂದು ರೌಂಡ್ ಹೋಗಿ ಬಂದೆ. ಟೆಂಪರೇಚರ್ ಮುಳ್ಳು ಅರ್ಧದ ಹತ್ತಿರಕ್ಕೂ ಬರಲಿಲ್ಲ, ಕಾಲು ಭಾಗದಲ್ಲೇ ತಣ್ಣಗೆ ಕೂತಿತ್ತು. 'ಎಂಜಿನ್ ಎಷ್ಟು ಕೂಲಾಗಿದೆ ನೋಡಿ' ಅಂದರು ಮೇಷ್ಟ್ರು. ಆಮೇಲೆ ಹೆಮ್ಮೆಯಿಂದ ಇನ್ನೊಂದು ಮಾತು ಸೇರಿಸಿದರು: 'ಪ್ರತಿ ಭಾನುವಾರ ನಾನೇ ರೇಡಿಯೇಟರಿಗೆ ನೀರು ಹಾಕ್ತೀನಿ.'

ಎಷ್ಟು ಮುತುವರ್ಜಿ ಅಂದ್ಕೊಂಡು ಅಡ್ವಾನ್ಸ್ ಕೊಟ್ಟೆ. ನಾನು ಓದಿದ್ದು ಬಿ.ಇ. ಮೆಕ್ಯಾನಿಕಲ್, ಮಾಡ್ತಿರೋದು ಜಾವಾ. ಮೇಷ್ಟ್ರು ಸುಳ್ಳು ಹೇಳಲಿಲ್ಲ. ಲಾಗ್ ಫೈಲನ್ನ ಪೂರ್ತಿ ಓದಿ ಹೇಳಿದ್ದರು, ನನಗೇ ಅರ್ಥ ಆಗಲಿಲ್ಲ.

ಮೇ ತಿಂಗಳ ಕೊನೆ, ಸೋಮವಾರ, ಆಸ್ಪತ್ರೆಗೆ ಹೊರಟಿದ್ವಿ. ಶ್ರೀನಿವಾಸಪುರದಲ್ಲಿ ಮಾವಿನ ಸೀಸನ್ ಹೇಗಿರುತ್ತೆ ಅಂತ ನೋಡಿದವರಿಗೇ ಗೊತ್ತು. ಮಂಡಿಗಳ ಮುಂದೆ ತೋತಾಪುರಿ ಹೇರಿದ ಟ್ರ್ಯಾಕ್ಟರ್, ಲಾರಿ, ಆಟೋ, ಎಲ್ಲಾ ಒಂದರ ಬಾಲ ಒಂದು ಹಿಡಿದು ನಿಂತಿರುತ್ತವೆ. ಎಸಿ ಹಾಕಿದ್ದೆ. ಮುಕ್ಕಾಲು ಗಂಟೆ ತೆವಳಿದ ಮೇಲೆ ಮುಳ್ಳು ಒಂದೇ ಏಟಿಗೆ ಮೇಲೆದ್ದು ಕೆಂಪು ಮುಟ್ಟಿತು. ಬಾನೆಟ್ಟಿಂದ ಆವಿ. ಅಪ್ಪ ಮಂಡಿ ಹಿಡ್ಕೊಂಡು ರಸ್ತೆ ಪಕ್ಕದ ಕಲ್ಲಿನ ಮೇಲೆ ಕೂತ. ಕೋಲಾರ ಎಪಿಎಂಸಿಗೆ ಟೊಮೆಟೊ ಬಾಕ್ಸ್ ಹೇರ್ಕೊಂಡು ಹೊರಟಿದ್ದ ಪಿಕಪ್ಪಿನವನು ಮುಂದೆ ಜಾಗ ಕೊಟ್ಟ. ಅಷ್ಟೆತ್ತರದ ಮೆಟ್ಟಿಲು ಹತ್ತೋಕೆ ಅಪ್ಪನನ್ನ ಇಬ್ಬರು ಹಿಡಿದು ಎತ್ತಬೇಕಾಯ್ತು. ಅವನು ಮೇಲೆ ಕೂತು ನನ್ನ ಕಡೆ ನೋಡಲಿಲ್ಲ, ಕಾರಿನ ಕಡೆ ನೋಡಿದ. ಅಮ್ಮ, ನಾನು ಬಸ್ಸಲ್ಲಿ ಹೋದ್ವಿ.

ಗಾಡಿಯನ್ನ ಮುಳಬಾಗಿಲಿಗೆ ಎಳೆಸಿದ್ವಿ, ಚಿಕ್ಕಪ್ಪನ ಪರಿಚಯದ ಮೆಕ್ಯಾನಿಕ್ ಇದ್ದ. 'ಏಮೀ ಕಾದು ಸಾರ್' ಅಂತ ನಮ್ಮ ಕಡೆಯ ತೆಲುಗಿನಲ್ಲಿ ಧೈರ್ಯ ಹೇಳಿ ಬಿಚ್ಚೋಕೆ ಶುರು ಮಾಡಿದವನು ಸ್ವಲ್ಪ ಹೊತ್ತಿಗೆ ಸುಮ್ಮನಾದ. ಥರ್ಮೋಸ್ಟಾಟ್ ವಾಲ್ವ್ ಇರೋ ಜಾಗ ಖಾಲಿ. ಯಾರೋ ಯಾವತ್ತೋ ಕಿತ್ತು ಬಿಸಾಕಿದ್ದಾರೆ. ಫ್ಯಾನಿನ ಸೆನ್ಸರ್ ತಪ್ಪಿಸಿ ವೈರನ್ನ ನೇರವಾಗಿ ಇಗ್ನಿಷನ್ನಿಗೆ ಕೊಟ್ಟಿದ್ದಾರೆ. ಕೀ ತಿರುಗಿಸಿದರೆ ಸಾಕು, ಬೇಕಿರಲಿ ಬೇಡದಿರಲಿ ಫ್ಯಾನ್ ತಿರುಗುತ್ತೆ. 'ಡೈರೆಕ್ಟ್ ಮಾಡಿದಾರೆ ಸಾರ್.'

ಈ 'ಡೈರೆಕ್ಟ್' ಅನ್ನೋ ಪದದ ಮೇಲೆ ನನಗೆ ಸಿಟ್ಟಿದೆ. ಗಾಡಿ ಬಿಸಿಯಾಗ್ತಿದೆ ಅಂದ್ರೆ ಯಾಕೆ ಅಂತ ಹುಡುಕಬೇಕು. ಹುಡುಕೋದು ಬಿಟ್ಟು ಬಿಸಿಯನ್ನ ಅಳೆಯೋದನ್ನೇ ಕಿತ್ತುಹಾಕಿದರು. ನಾವೂ ಇದನ್ನ ಮಾಡ್ತೀವಿ, ಶುಕ್ರವಾರ ಸಂಜೆ ರಿಲೀಸ್ ಇರುವಾಗ ಫೇಲ್ ಆಗ್ತಿರೋ ಟೆಸ್ಟನ್ನ ಕಾಮೆಂಟ್ ಮಾಡಿ ಬಿಲ್ಡ್ ಹಸಿರು ಅಂತ ಮೇಲ್ ಹಾಕ್ತೀವಲ್ಲ. ಥರ್ಮೋಸ್ಟಾಟ್ ಇರೋದು ನೀರು ಸುಮಾರು 80 ಡಿಗ್ರಿ ದಾಟೋವರೆಗೂ ರೇಡಿಯೇಟರಿಗೆ ಬಿಡದೆ ಎಂಜಿನ್ನನ್ನ ಬೇಗ ಬಿಸಿ ಮಾಡೋಕೆ. ಅದಿಲ್ಲದಿದ್ದರೆ ಎಂಪಿಎಫ್‌ಐ ಕಂಪ್ಯೂಟರು ಎಂಜಿನ್ ಇನ್ನೂ ತಣ್ಣಗಿದೆ ಅಂದ್ಕೊಂಡು ಪೆಟ್ರೋಲ್ ಜಾಸ್ತಿ ಕೊಡ್ತಾನೇ ಇರುತ್ತೆ. ಮೈಲೇಜ್ ಬೀಳುತ್ತೆ. ಮುಳ್ಳು ಮಾತ್ರ ಕೆಳಗೇ ಇರುತ್ತೆ, ಕೊಳ್ಳೋಕೆ ಬಂದ ಬಿ.ಇ. ಮೆಕ್ಯಾನಿಕಲ್ ಖುಷಿಯಾಗ್ತಾನೆ. ನೆನಪಿಡಿ, ಹದಿನೈದು ನಿಮಿಷ ಓಡಿದ ಮೇಲೂ ಮುಳ್ಳು ಅರ್ಧದ ಹತ್ತಿರ ಬರದಿದ್ದರೆ ಅದು ಆರೋಗ್ಯ ಅಲ್ಲ.

ಹಾಗಾದರೆ ಮೊದಲ ಸಲ ಬಿಸಿಯಾಗಿದ್ದು ಯಾಕೆ? ಮೆಕ್ಯಾನಿಕ್ ರೇಡಿಯೇಟರಿನ ಬಾಯಿ ಬಿಚ್ಚಿ ತೋರಿಸಿದ. ಸಣ್ಣ ಸಣ್ಣ ನಳಿಗೆಗಳ ತುಂಬಾ ಬಿಳಿ ಗಾರೆ. ನಮ್ಮನೆ ನೀರು ಕಾಯಿಸೋ ಕಾಯಿಲ್ ಮೇಲೆ ಕಟ್ಟುತ್ತಲ್ಲ, ಅದೇ. ವರ್ಷಪೂರ್ತಿ ಹರಿಯೋ ನದಿ ಒಂದೂ ಇಲ್ಲದ ಜಿಲ್ಲೆ ನಮ್ಮದು. ಸಾವಿರ ಅಡಿ ಕೆಳಗಿನ ಗಡಸು ನೀರು. ಕಾಯಿಸಿದರೆ ಅದರಲ್ಲಿರೋ ಕ್ಯಾಲ್ಸಿಯಂ ಕಲ್ಲಾಗಿ ಅಂಟುತ್ತೆ. ಆ ಪದರ ಶಾಖ ದಾಟಿಸೋದು ಅಲ್ಯೂಮಿನಿಯಂಗೆ ಹೋಲಿಸಿದರೆ ಹತ್ತಿರ ಹತ್ತಿರ ನೂರನೇ ಒಂದು ಪಾಲು. ಫೌಲಿಂಗ್ ಫ್ಯಾಕ್ಟರ್ ಅಂತ ಹೀಟ್ ಟ್ರಾನ್ಸ್‌ಫರ್ ಪೇಪರಿನಲ್ಲಿ ಬರೆದು ಮಾರ್ಕ್ಸ್ ತಗೊಂಡಿದ್ದೆ. ಮುಚ್ಚಳ ಹಾಕಿದ ವ್ಯವಸ್ಥೆಗೆ ಪ್ರತಿ ಭಾನುವಾರ ನೀರು ಯಾಕೆ ಬೇಕಾಗುತ್ತೆ ಅಂತ ಮೇಷ್ಟ್ರನ್ನ ಒಂದು ಪ್ರಶ್ನೆ ಕೇಳಿದ್ದರೆ ಸಾಕಿತ್ತು. ಹಾಕಿದ ನೀರೆಲ್ಲಾ ಆವಿಯಾಗಿ ಹೋಗ್ತಿತ್ತು, ಕಲ್ಲು ಮಾತ್ರ ಒಳಗೇ ಉಳೀತಿತ್ತು. ಇದು ಕಂಪನಿ ತಪ್ಪಲ್ಲ. ಅವರು ಕೂಲೆಂಟ್ ಹಾಕಿ ಅಂತಲೇ ಹೇಳಿರ್ತಾರೆ. ನಮ್ಮ ಕಡೆ ಕೂಲೆಂಟ್ ಅಂದ್ರೆ ಬಣ್ಣದ ನೀರಿಗೆ ದುಡ್ಡು ಕೊಡೋದು ಅಂತ ಲೆಕ್ಕ.

ಅಲ್ಯೂಮಿನಿಯಂ ಹೆಡ್ ಒಂದು ಸಲ ಮಿತಿ ಮೀರಿ ಕಾದರೆ ಡೊಂಕಾಗುತ್ತೆ. ಗ್ಯಾಸ್ಕೆಟ್ ಸೀಳಿ ನೀರು ಆಯಿಲ್ ಸೇರುತ್ತೆ. ಆಯಿಲ್ ಮುಚ್ಚಳದ ಒಳಗೆ ಹಾಲು ಹೆಚ್ಚಾದ ಕಾಫಿ ಬಣ್ಣದ ಲೋಳೆ ಕಂಡರೆ ಕಥೆ ಅಲ್ಲಿಗೆ ಬಂದಿದೆ ಅಂತ. ನನ್ನದು ಬಂದಿತ್ತು. ಕೋಲಾರದ ಲೇತ್‌ನಲ್ಲಿ ಹೆಡ್ ಫೇಸಿಂಗ್, ಹೊಸ ಗ್ಯಾಸ್ಕೆಟ್, ಹೊಸ ರೇಡಿಯೇಟರು, ಥರ್ಮೋಸ್ಟಾಟು, ಫ್ಯಾನ್ ಸ್ವಿಚ್ಚು, ಹೇಗೂ ಬಿಚ್ಚಿದೀವಲ್ಲ ಅಂತ ಟೈಮಿಂಗ್ ಬೆಲ್ಟು, ವಾಟರ್ ಪಂಪು. ಒಟ್ಟು 29 ಸಾವಿರ. ಲಕ್ಷದ ಬಜೆಟ್ ದಾಟಿತು.

ನೀವು ಹಳೇ ಕಾರು ನೋಡೋಕೆ ಹೋದರೆ ಬೆಳಗ್ಗೆ, ಎಂಜಿನ್ ಪೂರ್ತಿ ತಣ್ಣಗಿರುವಾಗ ಹೋಗಿ. ಓನರ್ ಮೊದಲೇ ಸ್ಟಾರ್ಟ್ ಮಾಡಿಟ್ಟಿದ್ದರೆ ಯಾಕೆ ಅಂತ ಕೇಳಿ. ರೇಡಿಯೇಟರ್ ಕ್ಯಾಪ್ ಬಿಚ್ಚಿ ಒಳಗಿನ ಬಣ್ಣ ನೋಡಿ, ಬಿಸಿ ಇದ್ದಾಗ ಮಾತ್ರ ಅದನ್ನ ಮುಟ್ಟಬೇಡಿ, ಒತ್ತಡದಲ್ಲಿರೋ ಕುದಿನೀರು ಮುಖಕ್ಕೆ ಹಾರುತ್ತೆ. ಹೀಟರ್ ಹಾಕಿ ನೋಡಿ. ಎಂಜಿನ್ ಬಿಸಿಯಾದ ಮೇಲೂ ತಣ್ಣನೆ ಗಾಳಿ ಬಂದರೆ ಒಳಗೆಲ್ಲೋ ಕಟ್ಟಿದೆ. ಎಸಿ ಹಾಕಿ ಇಪ್ಪತ್ತು ನಿಮಿಷ ನಿಂತಲ್ಲೇ ಓಡಿಸಿ, ಮಾಲೀಕರ ಮುಖ ಗಂಟಾದರೂ ಪರವಾಗಿಲ್ಲ.

ಈಗ ತೀರ್ಪು. ಬಾನೆಟ್ ಎತ್ತಿದರೆ ಎಲ್ಲಾ ಭಾಗಕ್ಕೂ ಕೈ ಹೋಗುತ್ತೆ. ಮುಳಬಾಗಿಲಿನ ಒಂದು ಶೆಡ್ಡಿನಲ್ಲಿ ಎರಡು ಸ್ಪ್ಯಾನರ್ ಸೆಟ್ಟಿನಲ್ಲಿ ಎಂಜಿನ್ ಹೆಡ್ ಇಳಿಸಿ ಏರಿಸಬಹುದಾದ ಕಾರು ಇದು. ಕೆಡೋ ಮುಂಚೆ ಶಬ್ದ, ವಾಸನೆ, ಬಣ್ಣ ಏನಾದರೊಂದು ತೋರಿಸುತ್ತೆ. ಹೆಡ್ ಕೆಲಸ ಆದ ಮೇಲೆ ಇವತ್ತಿನವರೆಗೂ ಒಂದು ಸಲವೂ ಕೈಕೊಟ್ಟಿಲ್ಲ. 2021ಕ್ಕೆ 15 ವರ್ಷ ತುಂಬಿ ಆರ್‌ಸಿ ರಿನ್ಯೂ ಆಯ್ತು. ಆಗ 600 ಇದ್ದ ಫೀಸು 2022ರ ಏಪ್ರಿಲ್‌ನಲ್ಲಿ 5,000 ಆಯ್ತು, ಹಳೇ ಕಾರಿನ ಲೆಕ್ಕ ಹಾಕೋರು ಅದನ್ನೂ ಸೇರಿಸ್ಕೊಳ್ಳಿ.

ಬೈಯೋದೂ ಇದೆ. ತಗಡು ತೆಳು. ಬಾಗಿಲು ಹಾಕಿದರೆ ಡಬ್ಬದ ಸದ್ದು. ನನ್ನ ಗಾಡಿಯಲ್ಲಿ ಏರ್‌ಬ್ಯಾಗ್ ಇಲ್ಲ, ಎಬಿಎಸ್ ಇಲ್ಲ. ಆ ಲಘು ತೂಕವನ್ನ ಮೇಲೆ ಹೊಗಳಿದೆನಲ್ಲ, ರಾತ್ರಿ ಹೈವೇಯಲ್ಲಿ ಟೊಮೆಟೊ ಲಾರಿ ಪಕ್ಕ ಬಂದಾಗ ಅದೇ ಭಯ ಹುಟ್ಟಿಸುತ್ತೆ. ಅಪ್ಪ ಅಮ್ಮನನ್ನ ಇದರಲ್ಲಿ ಬೆಂಗಳೂರಿಗೆ ಕರ್ಕೊಂಡು ಬರಲ್ಲ. ಶ್ರೀನಿವಾಸಪುರ, ಕೋಲಾರ, ಹಗಲು, ಅರವತ್ತರ ಸ್ಪೀಡು, ಅಷ್ಟೇ. ಇನ್ನೂ ದೊಡ್ಡ ತಪ್ಪು ಒಂದಿದೆ, ಅದನ್ನ ಅಪ್ಪನ ಮುಂದೆ ಹೇಳಲ್ಲ. ಸೀಟು ತೀರಾ ಕೆಳಗಿದೆ. ಮಂಡಿ ನೋವಿರೋನು ಒಳಗೆ ಇಳಿದು ಕೂರಬೇಕು, ಏಳುವಾಗ ಬಾಗಿಲ ಚೌಕಟ್ಟನ್ನ ಎರಡೂ ಕೈಯಲ್ಲಿ ಹಿಡಿದು ಮೇಲೆ ಬರಬೇಕು. ಹಿಂದೆ ಕುಯ್ದಂಗಿದ್ದ ಆ ಹ್ಯಾಚ್‌ಬ್ಯಾಕಿನ ಸೀಟು ಸರಿಯಾಗಿ ಅವನ ಸೊಂಟದ ಎತ್ತರಕ್ಕಿತ್ತು. ಅಪ್ಪ ಎದ್ದು ನಿಂತು ಒಂದು ನಿಮಿಷ ಸುಧಾರಿಸ್ಕೊಂಡು, ಡಿಕ್ಕಿ ತೆಗೆದು ಚೀಲ ಎತ್ತಿಕೊಳ್ಳೋದನ್ನ ನೋಡಿದರೆ ನಾನು ವಾದ ಮಾಡೋಕೆ ಹೋಗಲ್ಲ.

ಡಾಕ್ಟರು ಮಂಡಿ ನೋವಿಗೆ ವಯಸ್ಸಿನ ಜೊತೆ ನೀರನ್ನೂ ಅನುಮಾನಿಸಿದ್ದರು. ರೇಡಿಯೇಟರಿನ ಕಲ್ಲು ಕ್ಯಾಲ್ಸಿಯಂದು, ನಮ್ಮ ಹಲ್ಲಿನ ಕಂದು ಕಲೆ ಫ್ಲೋರೈಡಿಂದು. ಎರಡೂ ಬೇರೆ, ಬೋರ್ ಒಂದೇ. ಲೀಟರಿಗೆ 1.5 ಮಿಲಿಗ್ರಾಂ ದಾಟಬಾರದು ಅಂತ ನಿಯಮ ಇದೆ, ಜಿಲ್ಲೆಯ ಎಷ್ಟೋ ಬೋರುಗಳು ದಾಟಿವೆ.

ಕಳೆದ ಸಲ ಊರಿಗೆ ಹೋದಾಗ ಶುದ್ಧ ನೀರಿನ ಘಟಕ ಕೆಟ್ಟು ಮೂರು ವಾರ ಆಗಿತ್ತು. ಅಮ್ಮ ಬೋರ್ ನೀರನ್ನೇ ಕಾಯಿಸಿ ಆರಿಸಿಟ್ಟಿದ್ದಳು. ನಾನು ಡಿಕ್ಕಿಯಲ್ಲಿ ಕೂಲೆಂಟ್ ಡಬ್ಬಿ, ಐದು ಲೀಟರಿನ ಡಿಸ್ಟಿಲ್ಡ್ ವಾಟರ್ ಕ್ಯಾನು ಜೋಡಿಸ್ತಾ ಇದ್ದೆ. ಪಕ್ಕದ ಮನೆ ಹುಡುಗನಿಗೆ, ಗಾಡಿ ಓಡಿಸೋನು ಅವನೇ, ಬೋರ್ ನೀರು ಮಾತ್ರ ಹಾಕ್ಬೇಡ ಅಂತ ಅಪ್ಪ ಗದರಿಸ್ತಿದ್ದ. ಅಮ್ಮ ಸೆರಗಲ್ಲಿ ಕೈ ಒರೆಸ್ಕೊಂಡು ಬಂದು ಕ್ಯಾನು ನೋಡಿ, 'ಇದು ಒಳ್ಳೆ ನೀರಾ?' ಅಂದಳು.

'ಅದು ಕಾರಿಗಮ್ಮ' ಅಂದೆ.