ಎರಡು ಜಿಲ್ಲಾ ಪುಟಗಳ ನಡುವೆ

ಪೊಲೀಸರು ಕೈಚೆಲ್ಲಿದ ಪ್ರಕರಣವನ್ನು ಪತ್ರಕರ್ತ ಭೇದಿಸಿ ಕೊಲೆಗಾರನನ್ನು ಹಿಡಿದುಕೊಡುತ್ತಾನೆ. ತನಿಖಾ ವರದಿ ಎಂದರೆ ನಮ್ಮ ಕಣ್ಣ ಮುಂದೆ ಬರುವುದು ಈ ಚಿತ್ರವೇ. ಇದು ಸಿನಿಮಾದ ಬಳುವಳಿ ಎಂದು ನನ್ನ ಗುಮಾನಿ. ಅದರ ಗುಂಗಿನಲ್ಲಿ ಕೇಳಬೇಕಾದ ಪ್ರಶ್ನೆ ತಪ್ಪಿಹೋಗುತ್ತದೆ. 2008ರ ಮೇ ತಿಂಗಳಲ್ಲಿ ನೋಯ್ಡಾದ ಫ್ಲ್ಯಾಟೊಂದರಲ್ಲಿ ಬಾಲಕಿಯ ಕೊಲೆಯಾದಾಗ, ಮನೆಯಲ್ಲಿ ಕಾಣದ ಕೆಲಸದವನೇ ಕೊಂದು ಓಡಿದ ಎಂದು ಮೊದಲ ದಿನವೇ ಸುದ್ದಿಯಾಯಿತು. ಮರುದಿನ ನೋಡಿದರೆ ಅವನ ಹೆಣ ಅದೇ ಮನೆಯ ತಾರಸಿಯಲ್ಲಿ! ಬೀಗ ಬಿದ್ದಿದ್ದ ತಾರಸಿಯ ಬಾಗಿಲನ್ನು ಪೊಲೀಸರು ಯಾಕೆ ತೆಗೆಸಲಿಲ್ಲ ಎಂದು ಪತ್ರಕರ್ತರು ಕೇಳಬೇಕಿತ್ತು. ಎಲ್ಲರೂ ಕೇಳಿದ್ದು ಕೊಂದವರು ಯಾರು ಎಂದು.

ನಮ್ಮ ಸೈನೈಡ್ ಮೋಹನನ ಪ್ರಕರಣವನ್ನೇ ನೋಡಿ. ಶಾಲಾ ಮೇಷ್ಟ್ರಾಗಿದ್ದವನು. ವರದಕ್ಷಿಣೆ ಕೊಡಲಾಗದ ಮನೆಗಳ ಹೆಣ್ಣುಮಕ್ಕಳಿಗೆ ಮದುವೆಯ ಆಸೆ ಹುಟ್ಟಿಸಿ ಪರ ಊರಿಗೆ ಕರೆದೊಯ್ಯುತ್ತಿದ್ದ. ಲಾಡ್ಜ್‌ನಲ್ಲಿ ಒಂದು ರಾತ್ರಿ. ಬೆಳಿಗ್ಗೆ ಒಡವೆ ಅಲ್ಲೇ ಬಿಚ್ಚಿಡಿಸಿ, ಬಸ್ ನಿಲ್ದಾಣದಲ್ಲಿ ಗರ್ಭ ನಿಲ್ಲದಿರಲು ಮಾತ್ರೆ ಎಂದು ಸೈನೈಡ್ ಕೊಡುತ್ತಿದ್ದ. ಒಳಗಿನಿಂದ ಚಿಲಕ ಹಾಕಿದ ಶೌಚಾಲಯದಲ್ಲಿ ಹೆಣ ಸಿಗುತ್ತಿತ್ತು. ಹೊರಿಸಿದ್ದು 20 ಕೊಲೆಗಳ ಆರೋಪ. 2009ರಲ್ಲಿ ಸಿಕ್ಕಿಬಿದ್ದ ಮೇಲೆ ಪತ್ರಿಕೆಗಳು ಪುಟಗಟ್ಟಲೆ ಬರೆದವು, ಎಲ್ಲವೂ ಅವನ ಬಗ್ಗೆ. ಅಡ್ಡಹೆಸರೂ ಆಗಲೇ ಅಂಟಿಕೊಂಡಿತು.

ಅದಕ್ಕೂ ಮುಂಚಿನ ವರ್ಷಗಳಲ್ಲಿ ಏನಾಗಿತ್ತು? ಕಾಣೆಯಾದವರು ಬಂಟ್ವಾಳ, ಸುಳ್ಯದ ಕಡೆಯವರು. ಹೆಣಗಳು ಬಿದ್ದಿದ್ದು ಮಡಿಕೇರಿ, ಮೈಸೂರು, ಹಾಸನ, ಬೆಂಗಳೂರಿನಲ್ಲಿ. ಒಂದೊಂದು ಠಾಣೆಯಲ್ಲಿ ಒಂದೊಂದು ಯುಡಿಆರ್, ಅಂದರೆ ಅಸಹಜ ಸಾವಿನ ವರದಿ. ವಿಷ ಕುಡಿದ ಅಪರಿಚಿತ ಮಹಿಳೆ, ಕಡತ ಮುಕ್ತಾಯ. ರೇಷ್ಮೆ ಸೀರೆ ಉಟ್ಟು ಬಂದವಳು ಬಸ್ ನಿಲ್ದಾಣದ ಶೌಚಾಲಯದಲ್ಲಿ ಸಾಯುವುದು ಮತ್ತೆ ಮತ್ತೆ ನಡೆದರೂ ಯಾರಿಗೂ ವಿಚಿತ್ರ ಅನ್ನಿಸಲಿಲ್ಲ. ಊರಲ್ಲಿ ಎಷ್ಟೋ ಮನೆಯವರು ದೂರನ್ನೇ ಕೊಟ್ಟಿರಲಿಲ್ಲ. 'ಓಡಿಹೋದಳು' ಎಂಬ ಒಂದು ಮಾತು ಎಲ್ಲರ ಬಾಯಿ ಮುಚ್ಚಿಸಿತ್ತು, ವರದಿಗಾರರದ್ದೂ ಸೇರಿ.

ಕೊನೆಗೆ ಗಂಟು ಬಿಚ್ಚಿದ್ದು ಯಾವ ಸ್ಟಿಂಗ್ ಕ್ಯಾಮೆರಾದಿಂದಲೂ ಅಲ್ಲ. ಬಂಟ್ವಾಳ ತಾಲ್ಲೂಕಿನ ಯುವತಿಯೊಬ್ಬಳು ಕಾಣೆಯಾದಾಗ ಅವಳ ಸಮುದಾಯದವರು ಪಟ್ಟುಹಿಡಿದರು. ಪೊಲೀಸರು ಫೋನ್ ಕರೆಗಳ ಜಾಡು ಹಿಡಿದಾಗ ಅದು ಕಾಣೆಯಾದ ಇನ್ನೊಬ್ಬಳತ್ತ ಕರೆದೊಯ್ದಿತು.

ಪೊಲೀಸರ ಕೆಲಸವನ್ನು ಪತ್ರಕರ್ತ ಯಾಕೆ ಮಾಡಬೇಕು ಎನ್ನುವವರಿದ್ದಾರೆ. ಮಾಡಬೇಡ ಎಂದೇ ನಾನೂ ಹೇಳುತ್ತಿರುವುದು. ಆರೋಪಿಯ ಹೆಸರು ಹೇಳುವ ಆತುರ ಬಿಟ್ಟು, ತನ್ನದೇ ಪತ್ರಿಕೆಯ ಎರಡು ಜಿಲ್ಲಾ ಪುಟಗಳನ್ನು ಪಕ್ಕಪಕ್ಕ ಇಟ್ಟುಕೊಂಡು ಓದಲಿ. ಒಂದರಲ್ಲಿ ಕಾಣೆಯಾದವಳು: ಎಣ್ಣೆಗೆಂಪು ಮೈಬಣ್ಣ, ದುಂಡು ಮುಖ, ಸಾಧಾರಣ ಮೈಕಟ್ಟು, ತುಳು, ಕನ್ನಡ ಮಾತನಾಡುತ್ತಾಳೆ. ಇನ್ನೊಂದರಲ್ಲಿ ಅಪರಿಚಿತ ಶವ: ಎಣ್ಣೆಗೆಂಪು ಮೈಬಣ್ಣ, ದುಂಡು ಮುಖ, ಸಾಧಾರಣ ಮೈಕಟ್ಟು, ವಾರಸುದಾರರಿದ್ದಲ್ಲಿ ಠಾಣೆಯನ್ನು ಸಂಪರ್ಕಿಸಿ. ಮಾತಿನ ಸಾಲೊಂದು ಬಿಟ್ಟರೆ ಎರಡೂ ಒಂದೇ.