ಗಡಿಯಲ್ಲಿ ಹಂಚಿಹೋದ ಲಿಂಗಪ್ಪ

ಹೊಸೂರಿನ ಮೂಕಂಡಪಲ್ಲಿಯಲ್ಲಿ ಹಳೆಯ ಸಿನಿಮಾ ಹಾಡಿನ ಮಾತೆತ್ತಿದರೆ ತಮಿಳು ಮಾತಾಡುವವರು ‘ಚಿತ್ತಿರಂ ಪೇಸುದಡಿ’ ಎನ್ನುತ್ತಾರೆ, ಕನ್ನಡದವರು ‘ಯಾರು ತಿಳಿಯರು ನಿನ್ನ’ ಎನ್ನುತ್ತಾರೆ. ಎರಡಕ್ಕೂ ಮಟ್ಟು ಹಾಕಿದವರು ಒಬ್ಬರೇ, ಟಿ.ಜಿ. ಲಿಂಗಪ್ಪ. ಹಾಗೆಂದರೆ ಇಬ್ಬರೂ ಹುಬ್ಬೇರಿಸುತ್ತಾರೆ. ಹಾಡಿದ ಟಿ.ಎಂ. ಸೌಂದರರಾಜನ್, ರಾಜ್‌ಕುಮಾರ್, ಪಿ.ಬಿ. ಶ್ರೀನಿವಾಸ್ ಎಲ್ಲರಿಗೂ ಗೊತ್ತು. ಲಿಂಗಪ್ಪನವರು ಮಾತ್ರ ಗಡಿಯ ಆಚೆಗರ್ಧ ಈಚೆಗರ್ಧ ಹಂಚಿಹೋಗಿ, ಎಲ್ಲಿಯೂ ಪೂರ್ತಿ ಕಾಣಿಸದೆ ಉಳಿದರು. ಹೊಸೂರು ಸೀಮೆಯಲ್ಲಿ ಕೂತು ಎರಡೂ ಕಡೆಯ ಹಾಡು ಕೇಳುವ ನಾವಾದರೂ ಅವರನ್ನು ಒಟ್ಟಾಗಿ ನೋಡಬೇಡವೇ?

ಹುಟ್ಟಿದ್ದು 1927ರಲ್ಲಿ, ತಿರುಚಿರಾಪಳ್ಳಿಯಲ್ಲಿ. ಕಸುಬು ನಡೆದದ್ದು ಮದರಾಸಿನಲ್ಲಿ. ಅವರನ್ನು ಕನ್ನಡಕ್ಕೆ ಕರೆತಂದವರು ನಿರ್ಮಾಪಕ, ನಿರ್ದೇಶಕ ಬಿ.ಆರ್. ಪಂತುಲು. ಪಂತುಲು ಅವರ ಪದ್ಮಿನಿ ಪಿಕ್ಚರ್ಸ್‌ನಲ್ಲಿ ಒಂದೇ ಕತೆಯನ್ನು ಎರಡು ಮೂರು ಭಾಷೆಗಳಲ್ಲಿ ತೆಗೆಯುವ ರೂಢಿಯಿತ್ತು. ಹಾಗಾಗಿ ಒಂದೇ ಮಟ್ಟಿಗೆ ಬೇರೆ ಬೇರೆ ಭಾಷೆಯ ಮಾತು ಕೂರಿಸುವ ಕೆಲಸ ಲಿಂಗಪ್ಪನವರ ಪಾಲಿಗೆ ಬಂತು. 1955ರ ‘ಮೊದಲ ತೇದಿ’, 1958ರ ‘ಸ್ಕೂಲ್ ಮಾಸ್ಟರ್’ ಎರಡೂ ಆ ದಾರಿಯವು.

1957ರ ‘ರತ್ನಗಿರಿ ರಹಸ್ಯ’ದ ‘ಅಮರ ಮಧುರ ಪ್ರೇಮ’ ಕೇಳಿ. ತಮಿಳಿನ ‘ತಂಗಮಲೈ ರಹಸಿಯಂ’ನಲ್ಲಿ ಇದೇ ಮಟ್ಟು ‘ಅಮುದೈ ಪೊಳಿಯುಂ ನಿಲವೇ’ ಆಗಿದೆ. ಎರಡನ್ನೂ ಹಾಡಿದವರು ಪಿ. ಸುಶೀಲ. ತಮಿಳಿನ ಪದಗಳಿಗೆ ಕೊನೆಯಲ್ಲಿ ಭಾರವಿದೆ, ದನಿ ಅಲ್ಲಿ ತಾನಾಗಿ ತಂಗುತ್ತದೆ. ಕನ್ನಡದ ‘ಅಮರ’, ‘ಮಧುರ’ ಮೂರಕ್ಷರವೂ ಲಘು. ಎಳೆಯದಿದ್ದರೆ ತಾಳದಲ್ಲಿ ಜಾಗ ಖಾಲಿ ಉಳಿಯುತ್ತದೆ. ಸುಶೀಲ ಕೊನೆಯ ಅಕ್ಷರವನ್ನು ತುಸುವೇ ಎಳೆದು ಆ ಜಾಗ ತುಂಬುತ್ತಾರೆ. ಆ ಎಳೆತದಲ್ಲೇ ಕನ್ನಡದ ಹಾಡಿಗೊಂದು ಬೇರೆ ಕೊರಗು ಬಂದಿದೆ. ನನಗೆ ಕನ್ನಡದ್ದೇ ಹೆಚ್ಚು ಇಷ್ಟ. ಇದು ಭಾಷೆಯ ಅಭಿಮಾನದ ಮಾತಲ್ಲ, ಕಿವಿಯ ಮಾತು.

ಇಪ್ಪತ್ತು ವರ್ಷ ಕಳೆದು 1977ರಲ್ಲಿ ಹುಣಸೂರು ಕೃಷ್ಣಮೂರ್ತಿಯವರ ‘ಬಭ್ರುವಾಹನ’ ಬಂದಾಗ ಅದೇ ಲಿಂಗಪ್ಪ ಇನ್ನೊಬ್ಬರೇ ಅನ್ನಿಸುವಷ್ಟು ಬೇರೆ. ಅರ್ಜುನ, ಬಭ್ರುವಾಹನ ಎರಡೂ ರಾಜ್‌ಕುಮಾರ್. ತಂದೆ ಮಗ ಎದುರುಬದುರು ನಿಂತು ಮೂದಲಿಸುವ ‘ಯಾರು ತಿಳಿಯರು ನಿನ್ನ’ ಹಾಡಿಗೆ ದನಿ ರಾಜ್‌ಕುಮಾರ್ ಮತ್ತು ಪಿ.ಬಿ. ಶ್ರೀನಿವಾಸ್ ಅವರದು. ಮಾತಿಗೆ ಮಾತು ಬೀಳುವಾಗ ನಡುವೆ ವಾದ್ಯ ತುಂಬಲು ಹೋಗಿದ್ದರೆ ಜಗಳದ ಬಿಸಿ ಆರಿಬಿಡುತ್ತಿತ್ತು. ಲಿಂಗಪ್ಪ ಹಾಗೆ ಮಾಡಲಿಲ್ಲ. ಕಂಪನಿ ನಾಟಕದ ಪದ್ಯದ ಗತ್ತನ್ನೇ ಹಿಡಿದು, ಒಬ್ಬರ ಬಾಯಿಂದ ಬಿದ್ದ ಮಾತನ್ನು ಇನ್ನೊಬ್ಬರು ಕಸಿದುಕೊಳ್ಳುವಂತೆ ಹೆಣೆದರು. ಅದೇ ಚಿತ್ರದಲ್ಲಿ ರಾಜ್‌ಕುಮಾರ್ ಮತ್ತು ಎಸ್. ಜಾನಕಿ ಹಾಡಿದ ‘ಈ ಸಮಯ ಆನಂದಮಯ’ ಎಷ್ಟು ಹಗುರ, ಎಷ್ಟು ನಿಧಾನ! ಊರೂರಿನ ಆರ್ಕೆಸ್ಟ್ರಾಗಳು ಇವನ್ನು ಹಾಡಿ ಚಪ್ಪಾಳೆ ಗಿಟ್ಟಿಸಿವೆ. ಮಟ್ಟು ಹಾಕಿದವರ ಹೆಸರನ್ನು ವೇದಿಕೆಯಲ್ಲಿ ಹೇಳಿದ್ದನ್ನು ನಾನು ಕೇಳಿದ್ದು ಬಲು ಅಪರೂಪ.

1983ರ ‘ಭಕ್ತ ಪ್ರಹ್ಲಾದ’ದವರೆಗೂ ಪೌರಾಣಿಕ ಚಿತ್ರಗಳು ಅವರನ್ನು ಹುಡುಕಿಕೊಂಡು ಬಂದವು. 2005ರಲ್ಲಿ ತೀರಿಕೊಂಡರು.

ಈ ವಾರ ಬಿಡುವಾದಾಗ ಮೊದಲು ‘ಅಮುದೈ ಪೊಳಿಯುಂ’, ಅದರ ಬೆನ್ನಿಗೇ ‘ಅಮರ ಮಧುರ’ ಹಾಕಿ ಕೇಳಿ. ಪಲ್ಲವಿಯ ಎರಡನೆಯ ಪದದ ಕೊನೆಗೆ ಕಿವಿಗೊಡಿ. ‘ಬಭ್ರುವಾಹನ’ವನ್ನು ಆಮೇಲೆ, ದನಿ ಜೋರಾಗಿಟ್ಟು.